ತೆರೆಯ ಮೇಲೆ ಕಾಣದ ಕತ್ತರಿ

ಚಿತ್ರ ಚೆನ್ನಾಗಿದ್ದರೆ ಪ್ರೇಕ್ಷಕ ನಟನನ್ನು ಹೊಗಳುತ್ತಾನೆ, ಹಾಡು ಗುನುಗುತ್ತಾನೆ, ನಿರ್ದೇಶಕ ಯಾರೆಂದು ವಿಚಾರಿಸುತ್ತಾನೆ. ಚಿತ್ರ ಬೇಸರ ತಂದರೆ ಮಾತ್ರ ‘ಭಾಳ ಎಳೆದಾರ’ ಎನ್ನುತ್ತಾನೆ. ಆ ಒಂದು ಮಾತು ಹೆಚ್ಚಿನ ಮಟ್ಟಿಗೆ ಯಾರಿಗೆ ಸಲ್ಲಬೇಕಾದುದು ಎಂಬುದು ಅವನಿಗೆ ಹೊಳೆಯುವುದಿಲ್ಲ. ಅದು ಸಲ್ಲಬೇಕಾದುದು ಸಂಕಲನಕಾರನಿಗೆ. ತಪ್ಪಿದಾಗ ಎಲ್ಲರ ಕಣ್ಣಿಗೂ ಬೀಳುವ, ಸರಿಯಾದಾಗ ಯಾರ ಕಣ್ಣಿಗೂ ಬೀಳದ ಕಸುಬು ಅದು.

ಚಿತ್ರ ಶುರುವಾಗುವಾಗ ತೆರೆಯ ಮೇಲೆ ಹೆಸರುಗಳು ಸಾಲುಗಟ್ಟಿ ಬರುತ್ತವೆ. ಅವುಗಳ ನಡುವೆ ‘ಸಂಕಲನ’ ಎಂದೊಂದು ಸಾಲು. ತಡವಾಗಿ ಬಂದವರು ಕತ್ತಲಲ್ಲಿ ಕುರ್ಚಿ ಹುಡುಕುತ್ತಿರುವ ಹೊತ್ತಿಗೆ ಅದು ಬಂದು ಹೋಗಿರುತ್ತದೆ. ಇಪ್ಪತ್ತು ಮೂವತ್ತು ವರ್ಷ ಮುಚ್ಚಿದ ಕೋಣೆಯಲ್ಲಿ ದುಡಿದವರ ವೃತ್ತಿಜೀವನವೆಲ್ಲ ಇಂಥ ಸಾಲುಗಳಲ್ಲಿಯೇ ಅಡಗಿದೆ.

ದೇಶದ ಅತ್ಯುತ್ತಮ ಕಥಾಚಿತ್ರ ಎಂಬ ರಾಷ್ಟ್ರಪ್ರಶಸ್ತಿ ಆರು ಕನ್ನಡ ಚಿತ್ರಗಳಿಗೆ ಸಂದಿದೆ. ಸಂಸ್ಕಾರ (1970), ಚೋಮನ ದುಡಿ (1975), ಘಟಶ್ರಾದ್ಧ (1977), ತಬರನ ಕಥೆ (1986), ತಾಯಿ ಸಾಹೇಬ (1997), ದ್ವೀಪ (2001). ಇವುಗಳ ನಿರ್ದೇಶಕರ ಹೆಸರು ಸ್ಪರ್ಧಾತ್ಮಕ ಪರೀಕ್ಷೆಗೆ ಕೂರುವ ಹುಡುಗರಿಗೂ ಬಾಯಿಪಾಠ. ಇವನ್ನು ಜೋಡಿಸಿದ ಕೈಗಳ ಹೆಸರು ಕೇಳಿದರೆ ಸಿನಿಮಾ ಬಲ್ಲವರೂ ಸ್ವಲ್ಪ ತಡವರಿಸುತ್ತಾರೆ. ಆರರಲ್ಲಿ ಮೊದಲನೆಯ ಚಿತ್ರವನ್ನು ಜೋಡಿಸಿದವರು ಕನ್ನಡ ನಾಡಿನವರೇ ಅಲ್ಲ, ಸಾಗರದಾಚೆಯಿಂದ ಬಂದವರು ಎಂಬುದಂತೂ ಹಲವರಿಗೆ ಹೊಸ ಸುದ್ದಿ.

ಜೋಡಣೆಯ ಲೆಕ್ಕ

ಸಂಕಲನ ಎಂದರೇನು ಎಂಬುದನ್ನು ಮೊದಲು ತಿಳಿಯೋಣ. ಫಿಲಂ ಸುರುಳಿಯ ಕಾಲದಲ್ಲಿ ಒಂದು ಸೆಕೆಂಡಿನ ದೃಶ್ಯಕ್ಕೆ 24 ಚಿತ್ರಗಳು ಬೇಕಾಗುತ್ತಿದ್ದವು. 35 ಮಿಲಿಮೀಟರ್ ಫಿಲಂನ ಒಂದು ಅಡಿಯಲ್ಲಿ ಇಂಥ 16 ಚಿತ್ರಗಳಿರುತ್ತವೆ. ಅಂದರೆ ಒಂದು ನಿಮಿಷಕ್ಕೆ 90 ಅಡಿ. ಎರಡೂವರೆ ಗಂಟೆಯ ಚಿತ್ರಕ್ಕೆ 13,500 ಅಡಿ, ಎಂದರೆ ನಾಲ್ಕು ಕಿಲೋಮೀಟರಿಗೂ ಹೆಚ್ಚು ಉದ್ದದ ಫಿಲಂ. ಅದರಲ್ಲಿರುವ ಬಿಡಿ ಚಿತ್ರಗಳು 2 ಲಕ್ಷ 16 ಸಾವಿರ. ಇದು ಚಿತ್ರಮಂದಿರಕ್ಕೆ ಬರುವ ಚಿತ್ರದ ಲೆಕ್ಕ. ಚಿತ್ರೀಕರಣದಲ್ಲಿ ಒಂದೇ ದೃಶ್ಯವನ್ನು ಹಲವು ಸಲ, ಹಲವು ಕೋನಗಳಿಂದ ತೆಗೆಯುವುದರಿಂದ ಸಂಕಲನದ ಕೋಣೆಗೆ ಬರುವ ರಾಶಿ ಇದರ ಎಷ್ಟೋ ಪಟ್ಟು ದೊಡ್ಡದು.

ಮೊದಲು ನೆಗೆಟಿವ್‌ನಿಂದ ‘ರಷ್ ಪ್ರಿಂಟ್’ ತೆಗೆಯುತ್ತಾರೆ. ಸಂಕಲನಕಾರ ಅದನ್ನು ಮೂವಿಯೋಲಾ ಎಂಬ ಯಂತ್ರದಲ್ಲಿ ಹಿಂದೆ ಮುಂದೆ ಓಡಿಸಿ ನೋಡುತ್ತಾನೆ. ಬೇಕಾದ ಕಡೆ ಬಣ್ಣದ ಪೆನ್ಸಿಲಿನಿಂದ ಗುರುತು ಹಾಕುತ್ತಾನೆ, ಕತ್ತರಿಸುತ್ತಾನೆ, ಅಂಟಿಸುತ್ತಾನೆ. ಮಾತು, ಸಂಗೀತದ ಪಟ್ಟಿ ಬೇರೆ. ಅದನ್ನು ಚಿತ್ರದ ತುಟಿಚಲನೆಗೆ ಸರಿಯಾಗಿ ಕೂರಿಸಬೇಕು. ಎಲ್ಲವೂ ಒಪ್ಪಿಗೆಯಾದ ಮೇಲೆ ಕೊನೆಗೆ ಅಸಲು ನೆಗೆಟಿವ್ ಅನ್ನೇ ಕೈಗವಸು ತೊಟ್ಟು ಅದೇ ಪ್ರಕಾರ ಕತ್ತರಿಸುತ್ತಾರೆ. ಅಲ್ಲಿ ಒಂದು ಗೆರೆ ಬಿದ್ದರೂ ಪ್ರತಿ ಪ್ರಿಂಟಿನಲ್ಲಿ ಆ ಗೆರೆ ಕಾಣುತ್ತದೆ. ಒಮ್ಮೆ ಕತ್ತರಿಸಿದ ನೆಗೆಟಿವ್ ಅನ್ನು ಮೊದಲಿನಂತೆ ಮಾಡಲಾಗದು.

ಟೂರಿಂಗ್ ಟಾಕೀಸು ಕಂಡ ಹಳ್ಳಿಗರಿಗೆ ಈ ಅಂಟಿಸುವ ಕೆಲಸದ ಪರಿಚಯ ಬೇರೆ ರೀತಿಯಲ್ಲಿತ್ತು. ಟೆಂಟಿನಲ್ಲಿ ಚಿತ್ರ ನಡೆಯುವಾಗ ರೀಲು ಕಡಿಯುತ್ತಿತ್ತು, ತೆರೆ ಬೆಳ್ಳಗಾಗುತ್ತಿತ್ತು, ಸಿಳ್ಳೆ ಏಳುತ್ತಿತ್ತು. ಆಪರೇಟರು ಕಡಿದ ತುದಿಗಳನ್ನು ಅವಸರದಿಂದ ಅಂಟಿಸಿ ಮತ್ತೆ ಓಡಿಸುತ್ತಿದ್ದ. ಅಂಟಿಸುವಾಗ ಹಾಳಾದ ತುಂಡು ಹೋಗುತ್ತಿದ್ದುದರಿಂದ ನಾಯಕ ಬಾಗಿಲಲ್ಲಿದ್ದವನು ಒಮ್ಮೆಲೇ ಮಂಚದ ಬಳಿ ಇರುತ್ತಿದ್ದ. ಜನ ನಗುತ್ತಿದ್ದರು. ಹಾಗೆ ನಗು ಬರದಂತೆ, ನಾಯಕ ಬಾಗಿಲಿನಿಂದ ಮಂಚಕ್ಕೆ ಬಂದದ್ದು ಸಹಜವೆನಿಸುವಂತೆ ಜೋಡಿಸುವುದೇ ಸಂಕಲನ.

ಆದರೆ ಸಂಕಲನ ಅಷ್ಟಕ್ಕೇ ಮುಗಿಯುವುದಿಲ್ಲ. 1895ರಲ್ಲಿ ಫ್ರಾನ್ಸಿನ ಲೂಮಿಯೇರ್ ಸೋದರರು ತೋರಿಸಿದ ಮೊದಲ ಚಿತ್ರಗಳು ಒಂದು ನಿಮಿಷದೊಳಗಿನ, ಕತ್ತರಿ ಕಾಣದ ಒಂಟಿ ದೃಶ್ಯಗಳು. ದೃಶ್ಯಕ್ಕೆ ದೃಶ್ಯ ಸೇರಿಸಿದರೆ ಎರಡರಲ್ಲೂ ಇಲ್ಲದ ಮೂರನೆಯ ಅರ್ಥ ಹುಟ್ಟುತ್ತದೆ ಎಂಬುದು ನಿಧಾನವಾಗಿ ತಿಳಿಯಿತು. ರಷ್ಯಾದ ಲೆವ್ ಕುಲೆಶೋವ್ 1920ರ ಸುಮಾರಿಗೆ ಒಂದು ಪ್ರಯೋಗ ಮಾಡಿದ. ನಟನೊಬ್ಬನ ಭಾವವಿಲ್ಲದ ಮುಖದ ಒಂದೇ ತುಣುಕನ್ನು ಒಮ್ಮೆ ಸಾರಿನ ಬಟ್ಟಲಿನ ಪಕ್ಕಕ್ಕೆ, ಇನ್ನೊಮ್ಮೆ ಶವಪೆಟ್ಟಿಗೆಯ ಪಕ್ಕಕ್ಕೆ ಜೋಡಿಸಿ ತೋರಿಸಿದ. ನೋಡಿದವರು ಮೊದಲನೆಯದರಲ್ಲಿ ಹಸಿವನ್ನೂ ಎರಡನೆಯದರಲ್ಲಿ ದುಃಖವನ್ನೂ ಕಂಡರು. ಮುಖ ಮಾತ್ರ ಅದೇ. ಪ್ರೇಕ್ಷಕನ ಮನಸ್ಸು ತಾನೇ ನಡುವಿನ ಖಾಲಿ ಜಾಗವನ್ನು ತುಂಬಿಕೊಂಡಿತ್ತು. ಸಂಕಲನಕಾರನ ಬಂಡವಾಳವೆಲ್ಲ ಈ ಖಾಲಿ ಜಾಗ.

ಡೆನ್ಮಾರ್ಕಿನ ಪಾಠ

ಕತ್ತರಿಸಿ ಉಳಿದ ಚೂರುಗಳ ಬೆಲೆ ಏನು ಎಂಬುದಕ್ಕೆ ಡೆನ್ಮಾರ್ಕಿನವರೊಬ್ಬರ ಕಥೆಯನ್ನು ಜಗತ್ತಿನ ಚಿತ್ರರಸಿಕರು ಇಂದಿಗೂ ನೆನೆಯುತ್ತಾರೆ. ಡೆನ್ಮಾರ್ಕ್ ಚಿಕ್ಕ ದೇಶ. ಆದರೂ 1906ರಲ್ಲಿಯೇ ಅಲ್ಲಿ ‘ನಾರ್ಡಿಸ್ಕ್’ ಎಂಬ ಚಿತ್ರಸಂಸ್ಥೆ ಹುಟ್ಟಿತು. ಈಗಲೂ ಕೆಲಸ ಮಾಡುತ್ತಿರುವ ಜಗತ್ತಿನ ಅತಿ ಹಳೆಯ ಚಿತ್ರಸಂಸ್ಥೆಗಳಲ್ಲಿ ಅದೂ ಒಂದು. ಮೂಕಿಚಿತ್ರಗಳ ಆ ಕಾಲದಲ್ಲಿ ತೆರೆಯ ಮೇಲಿನ ಬರಹಗಳನ್ನೂ ಚಿತ್ರಕಥೆಗಳನ್ನೂ ಬರೆಯುತ್ತ ಅಲ್ಲಿ ಕಸುಬು ಕಲಿತವರು ಕಾರ್ಲ್ ಥಿಯೋಡರ್ ಡ್ರೇಯರ್. ಮುಂದೆ ದೊಡ್ಡ ನಿರ್ದೇಶಕರೆನಿಸಿದ ಅವರು ಫ್ರಾನ್ಸಿಗೆ ಹೋಗಿ ಜೋನ್ ಆಫ್ ಆರ್ಕ್ ಎಂಬ ವೀರಕನ್ಯೆಯ ವಿಚಾರಣೆ ಹಾಗೂ ಸಾವನ್ನು ಕುರಿತ ಚಿತ್ರ ಮಾಡಿದರು. ಅದು 1928ರ ಏಪ್ರಿಲಿನಲ್ಲಿ ಕೋಪನ್‌ಹೇಗನ್‌ನಲ್ಲಿ ಮೊದಲ ಪ್ರದರ್ಶನ ಕಂಡಿತು.

ಫ್ರಾನ್ಸಿನಲ್ಲಿ ಬಿಡುಗಡೆಯಾಗುವ ಮೊದಲೇ ಪ್ಯಾರಿಸಿನ ಆರ್ಚ್‌ಬಿಷಪ್ ಮತ್ತು ಸರ್ಕಾರದ ಸೆನ್ಸಾರಿನವರು ಅದರಲ್ಲಿ ಹಲವು ಭಾಗಗಳನ್ನು ಕತ್ತರಿಸಬೇಕೆಂದರು. ಕತ್ತರಿಸಲಾಯಿತು. ಅದೇ ವರ್ಷದ ಡಿಸೆಂಬರಿನಲ್ಲಿ ಬರ್ಲಿನ್ನಿನ ಪ್ರಯೋಗಾಲಯಕ್ಕೆ ಬೆಂಕಿ ಬಿದ್ದು ಅಸಲು ನೆಗೆಟಿವ್ ಸುಟ್ಟುಹೋಯಿತು. ಆಗ ಡ್ರೇಯರ್ ಬೇಡವೆಂದು ಬಿಟ್ಟಿದ್ದ, ಅದೇ ದೃಶ್ಯಗಳ ಬೇರೆ ಟೇಕುಗಳನ್ನು ಒಟ್ಟುಗೂಡಿಸಿದರು. ಸಂಕಲನಕಾರ್ತಿ ಮಾರ್ಗರೀತ್ ಬೋಜೆ ಅವರೊಡನೆ ಕುಳಿತು ಮೊದಲಿನದನ್ನೇ ಹೆಚ್ಚುಕಡಿಮೆ ಹೋಲುವ ಇನ್ನೊಂದು ಚಿತ್ರವನ್ನು ಜೋಡಿಸಿದರು. 1929ರಲ್ಲಿ ಆ ಎರಡನೆಯ ನೆಗೆಟಿವ್ ಕೂಡ ಬೆಂಕಿಗೆ ಆಹುತಿಯಾಯಿತು. ಮೂಲ ಜೋಡಣೆ ಇನ್ನು ಸಿಗದು ಎಂದೇ ಎಲ್ಲರೂ ಭಾವಿಸಿದ್ದರು. ಡ್ರೇಯರ್ 1968ರಲ್ಲಿ ತೀರಿಕೊಂಡರು. 1981ರಲ್ಲಿ ನಾರ್ವೆಯ ಓಸ್ಲೊ ಬಳಿಯ ಮಾನಸಿಕ ಆಸ್ಪತ್ರೆಯೊಂದರ ಬೀರುವಿನಲ್ಲಿ ಕತ್ತರಿ ಬೀಳದ ಮೂಲ ಚಿತ್ರದ ಪ್ರಿಂಟ್ ಸಿಕ್ಕಿತು.

ಒಂದೇ ಚಿತ್ರದ ಮೇಲೆ ಎರಡು ಬಗೆಯ ಕತ್ತರಿ ಆಡಿದ್ದನ್ನು ಇಲ್ಲಿ ಗಮನಿಸಬೇಕು. ಒಂದು ಸಂಕಲನಕಾರರದು. ಅದು ಅರ್ಥ ಕೂಡಿಬರಲೆಂದು ಕತ್ತರಿಸುತ್ತದೆ. ಇನ್ನೊಂದು ಅಧಿಕಾರದ್ದು. ಅದು ಅರ್ಥ ಹೊರಬೀಳದಿರಲೆಂದು ಕತ್ತರಿಸುತ್ತದೆ. ಕನ್ನಡದ ಕಥೆಗೆ ಬಂದಾಗಲೂ ಈ ಎರಡು ಕತ್ತರಿಗಳು ಎದುರಾಗುತ್ತವೆ.

ಕೊಲ್ಹಾಪುರದಿಂದ ಮದ್ರಾಸಿಗೆ

ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡಿತು. ವೈ.ವಿ. ರಾವ್ ನಿರ್ದೇಶಿಸಿದ ಆ ಚಿತ್ರ ತಯಾರಾದದ್ದು ಕೊಲ್ಹಾಪುರದ ಛತ್ರಪತಿ ಸ್ಟುಡಿಯೋದಲ್ಲಿ. ಆಗ ಕನ್ನಡ ನಾಡಿನಲ್ಲಿ ಮಾತಿನ ಚಿತ್ರ ತೆಗೆಯುವ ಅನುಕೂಲವೇ ಇರಲಿಲ್ಲ. ಮುಂದೆ ಹಲವು ದಶಕ ಕನ್ನಡ ಚಿತ್ರಗಳು ಬಹುಪಾಲು ಮದ್ರಾಸನ್ನೇ ಆಶ್ರಯಿಸಿದವು. ಸ್ಟುಡಿಯೋ ಅಲ್ಲಿ, ಪ್ರಯೋಗಾಲಯ ಅಲ್ಲಿ, ಸಂಕಲನದ ಕೋಣೆಯೂ ಅಲ್ಲಿಯೇ. ತಮಿಳು, ತೆಲುಗು, ಕನ್ನಡ, ಮಲಯಾಳಂ ಚಿತ್ರಗಳ ರೀಲುಗಳು ಒಂದೇ ಓಣಿಯ ಅಕ್ಕಪಕ್ಕದ ಕೋಣೆಗಳಲ್ಲಿ ಕತ್ತರಿ ಕಾಣುತ್ತಿದ್ದವು. ಒಬ್ಬನೇ ತಂತ್ರಜ್ಞ ನಾಲ್ಕು ಭಾಷೆಗಳಲ್ಲಿ ದುಡಿಯುವುದು ಅಲ್ಲಿ ಸಾಮಾನ್ಯವಾಗಿತ್ತು.

ಆ ಪೀಳಿಗೆಯಲ್ಲಿ ಕನ್ನಡ ಪ್ರೇಕ್ಷಕ ತನಗೆ ಗೊತ್ತಿಲ್ಲದೆಯೇ ಅತಿ ಹೆಚ್ಚು ಋಣಿಯಾಗಿರುವ ಹೆಸರುಗಳಲ್ಲಿ ಪಿ. ಭಕ್ತವತ್ಸಲಂ ಅವರದು ಒಂದು. ರಾಜ್‌ಕುಮಾರ್ ಅವರ ‘ಬಂಗಾರದ ಮನುಷ್ಯ’ (1972) ಅವರು ಜೋಡಿಸಿದ ಚಿತ್ರ. ಬೆಂಗಳೂರಿನ ಒಂದೇ ಚಿತ್ರಮಂದಿರದಲ್ಲಿ ಎರಡು ವರ್ಷ ನಡೆದ ಆ ಚಿತ್ರದ ಹಾಡುಗಳು, ಅದರ ನಾಯಕ ಊರು ಬಿಟ್ಟು ನಡೆಯುವ ಕೊನೆ ಇಂದಿಗೂ ಜನರ ನೆನಪಿನಲ್ಲಿವೆ. ಆ ಕೊನೆಯಲ್ಲಿ ಯಾವ ಮುಖದ ಮೇಲೆ ಎಷ್ಟು ಹೊತ್ತು ನಿಲ್ಲಬೇಕು, ಎಲ್ಲಿ ಬಿಡಬೇಕು ಎಂಬ ಲೆಕ್ಕ ಸಂಕಲನದ ಮೇಜಿನದು.

ಮುಂದಿನ ವರ್ಷ, 1973ರಲ್ಲಿ, ಅದೇ ಕೈಯಿಂದ ಎರಡು ಕಾಡುಗಳು ಹೊರಬಂದವು. ಒಂದು ವಿಜಯ್ ನಿರ್ದೇಶನದ ‘ಗಂಧದ ಗುಡಿ’. ಅರಣ್ಯಾಧಿಕಾರಿಯಾದ ನಾಯಕ, ಕಳ್ಳಸಾಗಣೆದಾರರು, ಆನೆಗಳು, ಹೊಡೆದಾಟ, ಹಾಡು. ಇನ್ನೊಂದು ಗಿರೀಶ ಕಾರ್ನಾಡರ ನಿರ್ದೇಶನದ ‘ಕಾಡು’. ಶ್ರೀಕೃಷ್ಣ ಆಲನಹಳ್ಳಿಯವರ ಕಾದಂಬರಿಯ ಈ ಚಿತ್ರದಲ್ಲಿ ಹಳ್ಳಿಯೊಂದರ ಹಗೆತನವನ್ನು ಕಿಟ್ಟಿ ಎಂಬ ಪುಟ್ಟ ಹುಡುಗನ ಕಣ್ಣಿನಿಂದ ನೋಡಬೇಕು. ಮೊದಲನೆಯದಕ್ಕೆ ಓಟ ಬೇಕು. ಪ್ರೇಕ್ಷಕ ಸೀಟಿನ ತುದಿಗೆ ಬರಬೇಕು. ಎರಡನೆಯದಕ್ಕೆ ಹುಡುಗನ ಅರಿಯದ ನೋಟದ ನಿಧಾನ ಬೇಕು. ದೊಡ್ಡವರ ಲೋಕ ಅವನಿಗೆ ಅರ್ಧಂಬರ್ಧವೇ ಕಾಣಬೇಕು.

ಒಂದನ್ನು ಕಂಡವರು ಇನ್ನೊಂದನ್ನು ಕಾಣದಿರಬಹುದು. ಒಂದನ್ನು ಜನಪ್ರಿಯ ಚಿತ್ರವೆಂದೂ ಇನ್ನೊಂದನ್ನು ಹೊಸ ಅಲೆಯ ಚಿತ್ರವೆಂದೂ ವಿಮರ್ಶಕರು ಬೇರೆ ಬೇರೆ ಕಪಾಟಿನಲ್ಲಿಟ್ಟರು. ಎರಡಕ್ಕೂ ಕತ್ತರಿ ಹಿಡಿದವರು ಒಬ್ಬರೇ ಎಂಬುದನ್ನು ಆ ವಿಂಗಡಣೆ ಮರೆಸಿಬಿಡುತ್ತದೆ. ಬಿ.ವಿ. ಕಾರಂತರ ‘ಚೋಮನ ದುಡಿ’, ಕಾರ್ನಾಡರ ‘ಒಂದಾನೊಂದು ಕಾಲದಲ್ಲಿ’ (1978) ಚಿತ್ರಗಳ ಸಂಕಲನವೂ ಭಕ್ತವತ್ಸಲಂ ಅವರದೇ. ನಟರು ಬೇರೆ, ಹಣ ಬೇರೆ, ಪ್ರೇಕ್ಷಕರು ಬೇರೆಯಾದ ಎರಡು ಕನ್ನಡ ಚಿತ್ರರಂಗಗಳ ನಡುವೆ ಅವರ ಮೇಜು ಸೇತುವೆಯಂತಿತ್ತು.

ದೂರ್ವಾಸಪುರದ ಹೆಣ

ಈ ಹೊಸ ಅಲೆಗೆ ಬಾಗಿಲು ತೆರೆದದ್ದು ‘ಸಂಸ್ಕಾರ’. ಯು.ಆರ್. ಅನಂತಮೂರ್ತಿಯವರ ಕಾದಂಬರಿ 1965ರಲ್ಲಿ ಪ್ರಕಟವಾಗಿತ್ತು. ನೆಲ್ಲೂರು ಕಡೆಯ ತೆಲುಗು ಕವಿ ಪಟ್ಟಾಭಿರಾಮ ರೆಡ್ಡಿ ಅದನ್ನು ಚಿತ್ರವಾಗಿಸಲು ಹೊರಟರು. ಚಿತ್ರಕಥೆ ಗಿರೀಶ ಕಾರ್ನಾಡರದು, ಪ್ರಾಣೇಶಾಚಾರ್ಯರ ಪಾತ್ರವೂ ಅವರದೇ. ಪಿ. ಲಂಕೇಶ್ ನಾರಣಪ್ಪನಾದರು, ಸ್ನೇಹಲತಾ ರೆಡ್ಡಿ ಚಂದ್ರಿಯಾದರು. ಕಲಾವಿದ ಎಸ್.ಜಿ. ವಾಸುದೇವ್ ಕಲಾ ನಿರ್ದೇಶನಕ್ಕೆ ನಿಂತರು. ಸಂಗೀತ ರಾಯಚೂರು ಸೀಮೆಗೆ ಚಿರಪರಿಚಿತರಾದ ಪಂಡಿತ ತಾರಾನಾಥರ ಮಗ ರಾಜೀವ ತಾರಾನಾಥರದು. ಶೃಂಗೇರಿ ಬಳಿಯ ವೈಕುಂಠಪುರ ಎಂಬ ಊರು ಕಾದಂಬರಿಯ ದೂರ್ವಾಸಪುರ ಅಗ್ರಹಾರವಾಯಿತು. ಛಾಯಾಗ್ರಹಣ ಆಸ್ಟ್ರೇಲಿಯಾದ ಟಾಮ್ ಕೋವನ್ ಅವರದು. ಸಂಕಲನ ಮಾಡಿದವರು ಸ್ಟೀವನ್ ಕಾರ್ಟಾ.

ಕನ್ನಡ ತನ್ನದಲ್ಲದವರು ಕನ್ನಡ ಚಿತ್ರವನ್ನು ಜೋಡಿಸುವುದು ಹೇಗೆ? ಮಾತು ಎಲ್ಲಿ ಮುಗಿಯಿತು ಎಂದು ಹೇಳಲು ಪಕ್ಕದಲ್ಲಿ ಭಾಷೆ ಬಲ್ಲವರು ಬೇಕು, ನಿಜ. ಆದರೆ ಮಿಕ್ಕ ಉತ್ತರ ಗಡಿನಾಡಿನವರಿಗೆ ಅನುಭವದಿಂದಲೇ ಗೊತ್ತು. ಆಳಂದ ತಾಲ್ಲೂಕಿನ ಹಿರೋಳ್ಳಿ ದಾಟಿದರೆ ಮಹಾರಾಷ್ಟ್ರ. ರಸ್ತೆ ಅದೇ, ತೊಗರಿ ಹೊಲ ಅದೇ, ಫಲಕದ ಮೇಲಿನ ಮಾತು ಮಾತ್ರ ಬೇರೆ. ಇತ್ತ ಕಲಬುರಗಿಗೆ, ಅತ್ತ ಸೊಲ್ಲಾಪುರಕ್ಕೆ ಹೋಗಿ ಬರುವ ಜನ ಕನ್ನಡ, ಮರಾಠಿ, ಹಿಂದಿ ಯಾವ ಚಿತ್ರವಾದರೂ ನೋಡುತ್ತಾರೆ. ಮಾತು ಪೂರ್ತಿ ತಿಳಿಯದಿದ್ದರೂ ಅಳುವ ಕಡೆ ಅಳುತ್ತಾರೆ, ನಗುವ ಕಡೆ ನಗುತ್ತಾರೆ. ಯಾರು ಯಾರನ್ನು ನೋಡಿದರು, ನೋಡಿ ಎಷ್ಟು ಹೊತ್ತು ಸುಮ್ಮನಿದ್ದರು, ಆಮೇಲೆ ಯಾರು ಮುಖ ತಿರುಗಿಸಿದರು ಎಂಬುದು ಶಬ್ದವಿಲ್ಲದೆಯೇ ತಿಳಿಯುತ್ತದೆ. ಸಂಕಲನಕಾರ ಓದುವ ಭಾಷೆಯೂ ಇದೇ.

‘ಸಂಸ್ಕಾರ’ದ ಕಥೆಯಂತೂ ಈ ಭಾಷೆಗೆ ಹೇಳಿ ಮಾಡಿಸಿದ್ದು. ಆಚಾರ ಬಿಟ್ಟ ನಾರಣಪ್ಪ ಪ್ಲೇಗಿಗೆ ಬಲಿಯಾಗುತ್ತಾನೆ. ಅವನ ಹೆಣಕ್ಕೆ ಸಂಸ್ಕಾರ ಮಾಡುವವರು ಯಾರು ಎಂಬುದು ಅಗ್ರಹಾರಕ್ಕೆ ಬಿಡಿಸಲಾಗದ ಪ್ರಶ್ನೆ. ಹೆಣ ಮನೆಯಲ್ಲಿರುವಷ್ಟು ಹೊತ್ತು ಯಾರೂ ಉಣ್ಣುವಂತಿಲ್ಲ. ಪ್ರಾಣೇಶಾಚಾರ್ಯರು ಶಾಸ್ತ್ರಗ್ರಂಥಗಳನ್ನು ತಿರುವಿ ಹಾಕುತ್ತಾರೆ, ಮಾರುತಿಯ ಗುಡಿಗೆ ಹೋಗಿ ಅಪ್ಪಣೆಗಾಗಿ ಕಾಯುತ್ತಾರೆ. ಅಪ್ಪಣೆಯಾಗುವುದಿಲ್ಲ. ಕಥೆಯ ಬಹುಭಾಗ ಕಾಯುವುದೇ. ಕಾಯುವುದನ್ನು ತೆರೆಯ ಮೇಲೆ ತರುವುದು ಕಷ್ಟದ ಕೆಲಸ. ಹೆಚ್ಚು ಹೊತ್ತು ತೋರಿಸಿದರೆ ಪ್ರೇಕ್ಷಕ ಏಳುತ್ತಾನೆ, ಕಡಿಮೆ ತೋರಿಸಿದರೆ ಅಗ್ರಹಾರದ ಹಸಿವೂ ಹೆಣದ ಭಾರವೂ ತಟ್ಟುವುದಿಲ್ಲ. ಹಾಡು, ಹಾಸ್ಯ, ಹೊಡೆದಾಟಗಳ ಆಸರೆಯಿಲ್ಲದ, ಎರಡು ಗಂಟೆಯೊಳಗಿನ ಆ ಕಪ್ಪು ಬಿಳುಪು ಚಿತ್ರ ಆ ಭಾರವನ್ನು ಹೊತ್ತು ನಿಂತಿತು.

ಎರಡನೆಯ ಕತ್ತರಿ

ಚಿತ್ರ ಸಿದ್ಧವಾಯಿತು. ಆದರೆ ಮದ್ರಾಸಿನ ಸೆನ್ಸಾರ್ ಮಂಡಳಿ ಪ್ರಮಾಣಪತ್ರ ಕೊಡಲಿಲ್ಲ. ಜಾತಿಪದ್ಧತಿಯನ್ನು ಪ್ರಶ್ನಿಸುವ ಚಿತ್ರ ಜನರಲ್ಲಿ ಉದ್ವೇಗ ಹುಟ್ಟಿಸೀತು ಎಂಬ ಭಯ. ಇಲ್ಲೊಂದು ದೃಶ್ಯ, ಅಲ್ಲೊಂದು ಮಾತು ತೆಗೆಯಿರಿ ಎಂಬ ಮಾತಲ್ಲ, ಇಡೀ ಚಿತ್ರವೇ ಬೇಡ ಎಂಬ ನಿಲುವು. ಸಂಕಲನಕಾರ ಚೌಕಟ್ಟು ಚೌಕಟ್ಟಾಗಿ ಅಳೆದು ಜೋಡಿಸಿದ್ದನ್ನು ಒಂದೇ ಷರಾದಿಂದ ಡಬ್ಬದಲ್ಲಿಡಿಸುವ ಶಕ್ತಿ ಈ ಎರಡನೆಯ ಕತ್ತರಿಗಿದೆ. ಕೊನೆಗೆ ಕೇಂದ್ರದ ವಾರ್ತಾ ಮತ್ತು ಪ್ರಸಾರ ಸಚಿವಾಲಯ ಆ ನಿಷೇಧವನ್ನು ತೆಗೆಯಿತು. ಚಿತ್ರ ಬಿಡುಗಡೆಯಾಯಿತು. ಬೇಡವೆನಿಸಿಕೊಂಡ ಅದೇ ಚಿತ್ರಕ್ಕೆ 1970ರ ಅತ್ಯುತ್ತಮ ಕಥಾಚಿತ್ರವೆಂಬ ರಾಷ್ಟ್ರಪ್ರಶಸ್ತಿ ಬಂದಿತು. ಆ ಗೌರವ ಕನ್ನಡಕ್ಕೆ ಅದೇ ಮೊದಲು.

ಅದೇ 1970ರ ಸೆಪ್ಟೆಂಬರಿನಲ್ಲಿ ಸುಪ್ರೀಂ ಕೋರ್ಟು ಚಿತ್ರಗಳ ಸೆನ್ಸಾರ್ ಬಗ್ಗೆ ಮುಖ್ಯ ತೀರ್ಪೊಂದನ್ನು ಕೊಟ್ಟಿತು. ಲೇಖಕ, ನಿರ್ದೇಶಕ ಕೆ.ಎ. ಅಬ್ಬಾಸ್ ತಮ್ಮ ಸಾಕ್ಷ್ಯಚಿತ್ರದ ವಿಷಯದಲ್ಲಿ ಕೋರ್ಟಿಗೆ ಹೋಗಿದ್ದರು. ಬಿಡುಗಡೆಗೆ ಮುನ್ನ ಚಿತ್ರಗಳನ್ನು ಪರಿಶೀಲಿಸುವ ಪದ್ಧತಿ ಸಂವಿಧಾನಕ್ಕೆ ವಿರುದ್ಧವಲ್ಲ ಎಂದು ನ್ಯಾಯಾಲಯ ಹೇಳಿತು. ಜೊತೆಗ, ಕಲೆಯ ದೃಷ್ಟಿಯನ್ನೂ ಸೆನ್ಸಾರು ಗಣನೆಗೆ ತೆಗೆದುಕೊಳ್ಳಬೇಕೆಂದೂ ಸೂಚಿಸಿತು. 1983ರಲ್ಲಿ ಮಂಡಳಿಯ ಹೆಸರಿನಿಂದ ‘ಸೆನ್ಸಾರ್’ ಎಂಬ ಶಬ್ದ ಹೋಗಿ ‘ಪ್ರಮಾಣೀಕರಣ’ ಬಂದಿತು. ಜನರ ಬಾಯಲ್ಲಿ ಮಾತ್ರ ಅದು ಇಂದಿಗೂ ಸೆನ್ಸಾರೇ.

ಜೊತೆಯಾಗಿ ನಡೆದವರು

ಸಂಕಲನಕಾರನ ಬದುಕಿನಲ್ಲಿ ಇನ್ನೊಂದು ವಿಶೇಷವಿದೆ. ಒಬ್ಬ ನಿರ್ದೇಶಕನೊಂದಿಗೆ ವರ್ಷಗಟ್ಟಲೆ ಕುಳಿತರೆ ಇಬ್ಬರ ಕಣ್ಣು ಒಂದೇ ಆಗುತ್ತದೆ. ಡೆನ್ಮಾರ್ಕಿನ ಸಂಕಲನಕಾರ್ತಿ ಮೊಲ್ಲಿ ಮಲೀನ್ ಸ್ಟೆನ್ಸ್‌ಗೋರ್ ಅವರ ವೃತ್ತಿ ಇದಕ್ಕೆ ಒಳ್ಳೆಯ ನಿದರ್ಶನ. 1994ರ ‘ದಿ ಕಿಂಗ್‌ಡಮ್’ ಟೆಲಿವಿಷನ್ ಧಾರಾವಾಹಿಯಿಂದ ಮೊದಲುಗೊಂಡು ‘ದಿ ಈಡಿಯಟ್ಸ್’ (1998), ‘ಡ್ಯಾನ್ಸರ್ ಇನ್ ದಿ ಡಾರ್ಕ್’ (2000), ‘ಡಾಗ್‌ವಿಲ್’ (2003), ‘ಮೆಲಂಕೋಲಿಯಾ’ (2011) ಹೀಗೆ ಲಾರ್ಸ್ ವಾನ್ ಟ್ರಯರ್ ಅವರ ಚಿತ್ರಗಳ ಮೇಲೆ ಅವರ ಹೆಸರು ಮತ್ತೆ ಮತ್ತೆ ಬಂತು. ಇವುಗಳಲ್ಲಿ ‘ದಿ ಈಡಿಯಟ್ಸ್’ ಡೆನ್ಮಾರ್ಕಿನ ನಿರ್ದೇಶಕರು 1995ರಲ್ಲಿ ತಮಗೆ ತಾವೇ ಹಾಕಿಕೊಂಡ ‘ಡಾಗ್ಮೆ’ ನಿಯಮಗಳ ಪ್ರಕಾರ ತೆಗೆದದ್ದು. ಚಿತ್ರ ತೆಗೆಯುವಾಗ ಕೇಳಿದ ಶಬ್ದವನ್ನೇ ಬಳಸಬೇಕು, ಬೇರೆಡೆ ತಯಾರಿಸಿದ ಶಬ್ದ ಸೇರಿಸಬಾರದು ಎಂಬುದು ಅವುಗಳಲ್ಲಿ ಒಂದು. ನಮ್ಮಲ್ಲಿ ಮಾತನ್ನು ಆಮೇಲೆ ಡಬ್ಬಿಂಗ್ ಮಾಡಿ ಕೂರಿಸುವುದು ರೂಢಿ. ಆ ಸೌಕರ್ಯವಿಲ್ಲದೆ ದೃಶ್ಯ ಕತ್ತರಿಸಿದರೆ ಶಬ್ದವೂ ಕತ್ತರಿಸುತ್ತದೆ. ಜಿಗಿತವನ್ನು ಮುಚ್ಚುವ ದಾರಿ ಉಳಿಯದಾಗ ಆ ಒರಟನ್ನೇ ಚಿತ್ರದ ಗುಣವಾಗಿಸಬೇಕಾಗುತ್ತದೆ.

ಕನ್ನಡದಲ್ಲಿ ಇಂಥ ಜೊತೆ ಗಿರೀಶ ಕಾಸರವಳ್ಳಿ ಮತ್ತು ಎಂ.ಎನ್. ಸ್ವಾಮಿ ಅವರದು. ಪುಣೆಯ ಫಿಲಂ ಇನ್‌ಸ್ಟಿಟ್ಯೂಟಿನಲ್ಲಿ ಕಲಿತು ಬಂದ ಕಾಸರವಳ್ಳಿಯವರ ಮೊದಲ ಚಿತ್ರ ‘ಘಟಶ್ರಾದ್ಧ’ವನ್ನು ಜೋಡಿಸಿದವರು ಉಮೇಶ್ ಕುಲಕರ್ಣಿ. ‘ತಬರನ ಕಥೆ’, ‘ತಾಯಿ ಸಾಹೇಬ’, ‘ದ್ವೀಪ’ ಚಿತ್ರಗಳು ಎಂ.ಎನ್. ಸ್ವಾಮಿಯವರ ಕೈಯಲ್ಲಿ ರೂಪುಗೊಂಡವು. ‘ತಬರನ ಕಥೆ’ಯಲ್ಲಿ ನಿವೃತ್ತ ಜವಾನನೊಬ್ಬ ಪಿಂಚಣಿಗಾಗಿ ಕಚೇರಿಯಿಂದ ಕಚೇರಿಗೆ ಅಲೆಯುತ್ತಾನೆ. ಅದೇ ಬಾಗಿಲು, ಅದೇ ಮೇಜು, ಅದೇ ‘ನಾಳೆ ಬಾ’. ಅಲೆದಾಟ ಮರುಕಳಿಸಿದಷ್ಟೂ ಪ್ರೇಕ್ಷಕನ ಸಂಕಟ ಹೆಚ್ಚಬೇಕೇ ಹೊರತು ಬೇಸರವಲ್ಲ. ‘ದ್ವೀಪ’ದಲ್ಲಿ ಅಣೆಕಟ್ಟಿನ ನೀರು ಏರುತ್ತದೆ, ಮಳೆ ನಿಲ್ಲುವುದಿಲ್ಲ, ಊರಿನವರು ಒಬ್ಬೊಬ್ಬರಾಗಿ ಬಿಟ್ಟುಹೋಗುತ್ತಾರೆ, ಒಂದು ಕುಟುಂಬ ಉಳಿಯುತ್ತದೆ. ಇಲ್ಲಿಯೂ ಕಾಲವನ್ನು ಅಳೆಯುವುದೇ ದೊಡ್ಡ ಕೆಲಸ. ನಿರ್ದೇಶಕರಿಗೆ ಸ್ವರ್ಣಕಮಲ ಬಂದಾಗ ಪತ್ರಿಕೆಗಳಲ್ಲಿ ಅವರ ಭಾವಚಿತ್ರ ಅಚ್ಚಾಯಿತು. ಈ ಮೂರೂ ಚಿತ್ರಗಳ ಕಾಲದ ಅಳತೆ ಹಿಡಿದವರ ಹೆಸರು ಬಹಳ ಮಂದಿಯ ನೆನಪಿನಲ್ಲಿ ಉಳಿಯಲಿಲ್ಲ.

ಹೊರಗಿನವರು ಕನ್ನಡಕ್ಕೆ ಬಂದಂತೆ ಇಲ್ಲಿ ದುಡಿದವರು ಹೊರಗೂ ಹೆಸರು ಮಾಡಿದ್ದಾರೆ. ಕನ್ನಡ, ತಮಿಳು ಎರಡೂ ಚಿತ್ರರಂಗಗಳಲ್ಲಿ ಕೆಲಸ ಮಾಡಿದ ಸುರೇಶ್ ಅರಸ್, ಮಣಿರತ್ನಂ ಅವರ ‘ದಳಪತಿ’ (1991), ‘ರೋಜಾ’ (1992), ‘ಬಾಂಬೆ’ (1995), ‘ಇರುವರ್’ (1997), ಹಿಂದಿಯ ‘ದಿಲ್ ಸೆ’ (1998) ಚಿತ್ರಗಳನ್ನು ಜೋಡಿಸಿದರು. ‘ಬಾಂಬೆ’ ಚಿತ್ರದ ಸಂಕಲನಕ್ಕೆ ಅವರಿಗೆ ರಾಷ್ಟ್ರಪ್ರಶಸ್ತಿ ಬಂದಿತು. 1992–93ರ ಮುಂಬೈ ಗಲಭೆಯ ಹಿನ್ನೆಲೆಯ ಆ ಚಿತ್ರದಲ್ಲಿ ಗುಂಪು, ಬೆಂಕಿ, ಕಳೆದುಹೋದ ಅವಳಿ ಮಕ್ಕಳನ್ನು ಹುಡುಕುವ ತಂದೆತಾಯಿ ಎಲ್ಲವೂ ಒಂದರೊಳಗೊಂದು ಹೆಣೆದುಕೊಳ್ಳಬೇಕು. ಗಲಭೆಯ ಗೊಂದಲ ತಟ್ಟಬೇಕು, ಕಥೆಯ ಎಳೆ ಮಾತ್ರ ತಪ್ಪಬಾರದು. ಆ ಚಿತ್ರವೂ ಸೆನ್ಸಾರ್ ಸೂಚಿಸಿದ ಭಾಗಗಳನ್ನು ತೆಗೆದ ಮೇಲೆಯೇ ತೆರೆಗೆ ಬಂದದ್ದು. ಒಂದು ಕತ್ತರಿಗೆ ಪ್ರಶಸ್ತಿ ಬಂದ ಚಿತ್ರದ ಮೇಲೆಯೇ ಇನ್ನೊಂದು ಕತ್ತರಿಯೂ ಆಡಿತ್ತು.

ಕತ್ತರಿಯಿಂದ ಕಂಪ್ಯೂಟರಿಗೆ

1989ರಲ್ಲಿ ಅಮೆರಿಕದಲ್ಲಿ ‘ಅವಿಡ್’ ಎಂಬ ಕಂಪ್ಯೂಟರ್ ಸಂಕಲನ ವ್ಯವಸ್ಥೆ ಮಾರುಕಟ್ಟೆಗೆ ಬಂದಿತು. ಮುಂದಿನ ಕೆಲವೇ ವರ್ಷಗಳಲ್ಲಿ ಇಂಥ ಯಂತ್ರಗಳು ನಮ್ಮ ಚಿತ್ರನಗರಗಳಿಗೂ ಬಂದವು. ಮೂವಿಯೋಲಾಗಳು ಮೂಲೆ ಸೇರಿದವು, ಆಮೇಲೆ ಫಿಲಂ ಸುರುಳಿಯೇ ಹೋಯಿತು. ಹಿಂದೆ ಒಂದು ಕತ್ತರಿಗೆ ಮುನ್ನ ಹತ್ತು ಸಲ ಯೋಚಿಸಬೇಕಿತ್ತು. ಈಗ ಹತ್ತು ಬಗೆಯಾಗಿ ಕತ್ತರಿಸಿ ನೋಡಿ, ಒಂದನ್ನು ಇಟ್ಟುಕೊಂಡು ಒಂಬತ್ತನ್ನು ಬಿಡಬಹುದು. ಕಸುಬು ಕಲಿಯಲು ಮದ್ರಾಸಿನ ಕೋಣೆಯೊಂದರಲ್ಲಿ ಹಿರಿಯರ ಪಕ್ಕ ವರ್ಷಗಟ್ಟಲೆ ನಿಲ್ಲಬೇಕಾದ ಅಗತ್ಯವೂ ಇಲ್ಲವಾಯಿತು.

ಇದರ ಫಲ 2022ರಲ್ಲಿ ಎಲ್ಲರ ಕಣ್ಣಿಗೂ ಬಿತ್ತು. ದೇಶದಾದ್ಯಂತ ಹಲವು ಭಾಷೆಗಳಲ್ಲಿ ತೆರೆಕಂಡ ‘ಕೆಜಿಎಫ್ ಚಾಪ್ಟರ್ 2’ ಚಿತ್ರದ ಸಂಕಲನಕಾರ ಉಜ್ವಲ್ ಕುಲಕರ್ಣಿ, ಇನ್ನೂ ಇಪ್ಪತ್ತು ತುಂಬದ ಉತ್ತರ ಕರ್ನಾಟಕದ ಹುಡುಗ ಎಂಬ ಸುದ್ದಿ ಪತ್ರಿಕೆಗಳಲ್ಲಿ ಬಂದಾಗ ಜನ ಬೆರಗಾದರು. ಕಿರುಚಿತ್ರಗಳನ್ನೂ ಅಭಿಮಾನದಿಂದ ಜೋಡಿಸಿದ ತುಣುಕುಗಳನ್ನೂ ಮಾಡುತ್ತಿದ್ದ ಅವರ ಕೈಚಳಕ ನಿರ್ದೇಶಕ ಪ್ರಶಾಂತ್ ನೀಲ್ ಅವರ ಗಮನಕ್ಕೆ ಬಂದಿತ್ತು. ಎಷ್ಟೋ ವರ್ಷ ತೆರೆಯ ಮೇಲಿನ ಆ ಒಂದು ಸಾಲಿನಲ್ಲಿಯೇ ಮರೆಯಾಗಿದ್ದ ಕಸುಬಿನ ಹೆಸರು ಅಂದು ಸುದ್ದಿಯ ತಲೆಬರಹವಾಯಿತು.

ಉಳಿದರೆ ಮಾತ್ರ

ಸಂಕಲನಕಾರನ ಜೀವಮಾನದ ಕೆಲಸ ಎಲ್ಲಿರುತ್ತದೆ? ನಟನ ಭಾವಚಿತ್ರ ಗೋಡೆಯ ಮೇಲಿರುತ್ತದೆ, ಕವಿಯ ಹಾಡು ಪುಸ್ತಕದಲ್ಲಿರುತ್ತದೆ, ಸಂಗೀತ ಧ್ವನಿಮುದ್ರಿಕೆಯಲ್ಲಿರುತ್ತದೆ. ಸಂಕಲನ ಮಾತ್ರ ಚಿತ್ರದ ಹೊರಗೆ ಎಲ್ಲಿಯೂ ಇಲ್ಲ. ಚಿತ್ರದ ಸುರುಳಿ ಹಾಳಾದರೆ ಆ ಕೆಲಸವೇ ಅಳಿದಂತೆ. ‘ಸತಿ ಸುಲೋಚನ’ದ ಪ್ರಿಂಟ್ ಇಂದು ಎಲ್ಲಿಯೂ ಇಲ್ಲ. ನಟರ ಹೆಸರು, ಬಿಡುಗಡೆಯ ದಿನ, ಕೆಲವು ಭಾವಚಿತ್ರಗಳು ಉಳಿದಿವೆ. ಕನ್ನಡದ ಮೊದಲ ಮಾತಿನ ಚಿತ್ರವನ್ನು ಹೇಗೆ ಜೋಡಿಸಿದ್ದರು ಎಂಬುದನ್ನು ಕಣ್ಣಾರೆ ಕಾಣುವ ಭಾಗ್ಯ ಮುಂದಿನವರಿಗಿಲ್ಲ.

ಇದಕ್ಕೆ ಎದುರಾದ ಸಮಾಧಾನದ ಸಂಗತಿಯೂ ಇದೆ. 1964ರಲ್ಲಿ ಪುಣೆಯಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿ ‘ಘಟಶ್ರಾದ್ಧ’ದ ಅಸಲು ನೆಗೆಟಿವ್ ಉಳಿದಿತ್ತು. ಮುಂಬೈಯ ಫಿಲಂ ಹೆರಿಟೇಜ್ ಫೌಂಡೇಷನ್ ಮತ್ತು ಹೊರದೇಶದ ಸಂಸ್ಥೆಗಳ ನೆರವಿನಿಂದ ಆ ಚಿತ್ರವನ್ನು ಹೊಸದಾಗಿ ಶುದ್ಧಗೊಳಿಸಲಾಯಿತು. 2024ರಲ್ಲಿ ವೆನಿಸ್ ಚಿತ್ರೋತ್ಸವದ ಹಳೆಯ ಶ್ರೇಷ್ಠ ಚಿತ್ರಗಳ ವಿಭಾಗದಲ್ಲಿ ಅದು ಪ್ರದರ್ಶನಗೊಂಡಿತು. ತೆರೆಗೆ ಬಂದ ನಲವತ್ತಾರು ನಲವತ್ತೇಳು ವರ್ಷಗಳ ನಂತರ ಮಲೆನಾಡಿನ ವೇದಪಾಠಶಾಲೆಯ ಒಬ್ಬ ಬಾಲಕನೂ ಒಬ್ಬ ವಿಧವೆಯೂ ಇಟಲಿಯ ಪ್ರೇಕ್ಷಕರೆದುರು ಮತ್ತೆ ಜೀವ ತಳೆದರು. ಗೆರೆಗಳನ್ನು ಅಳಿಸಿದರು, ಧೂಳು ತೆಗೆದರು, ಧ್ವನಿ ಸರಿಪಡಿಸಿದರು. ಆದರೆ 1977ರಲ್ಲಿ ಯಾವ ನೋಟ ಎಲ್ಲಿ ಮುಗಿದಿತ್ತೋ ಅಲ್ಲಿಯೇ ಮುಗಿಯಿತು, ಯಾವ ಮುಖ ಎಷ್ಟು ಹೊತ್ತು ನಿಂತಿತ್ತೋ ಅಷ್ಟೇ ಹೊತ್ತು ನಿಂತಿತು.

ಕನ್ನಡದ ಹಳೆಯ ಚಿತ್ರಗಳ ಎಷ್ಟೋ ನೆಗೆಟಿವ್‌ಗಳು ಇಂಥ ಭಾಗ್ಯ ಕಾಣದೆ ಹುಳಿ ವಾಸನೆ ಹಿಡಿದು ಹಾಳಾಗಿವೆ. ಸೆನ್ಸಾರಿನ ಕತ್ತರಿಯಿಂದ ಪಾರಾದದ್ದು ಸೆಕೆ, ಧೂಳು, ಅಲಕ್ಷ್ಯಗಳಿಂದ ಪಾರಾಗುತ್ತದೆಂಬ ಭರವಸೆಯಿಲ್ಲ. ಪ್ರಶಸ್ತಿ ಪಡೆದ ಚಿತ್ರಗಳಷ್ಟೇ ಅಲ್ಲ, ಜಾತ್ರೆಯ ಟೆಂಟುಗಳಲ್ಲಿ ಸಿಳ್ಳೆ ಹೊಡೆಸಿಕೊಂಡ ಚಿತ್ರಗಳೂ ಉಳಿಯಬೇಕಾದ್ದು ಅದಕ್ಕೇ. 1973ರ ಎರಡು ಕಾಡುಗಳಲ್ಲಿ ಒಂದು ಉಳಿದು ಇನ್ನೊಂದು ಹೋದರೆ, ಎರಡನ್ನೂ ಜೋಡಿಸಿದ ಕೈಯ ಕಥೆ ಅರ್ಧವಷ್ಟೇ ಉಳಿದೀತು.